ಒಂದು ಗಂಟೆಯ ಉದ್ದ 1,235 ಕಿಲೋಮೀಟರ್

ಕನ್ನಡದ 'ಗಂಟೆ' ಒಂದು ಮಜವಾದ ಪದ. ಬಾರಿಸುವ ವಸ್ತುವೂ ಗಂಟೆಯೇ, ಅರವತ್ತು ನಿಮಿಷದ ಹೊತ್ತೂ ಗಂಟೆಯೇ. "ಗಂಟೆ ಎಷ್ಟಾಯ್ತು?" ಅಂತ ಕೇಳುವಾಗ ನಾವು ಕೇಳುತ್ತಿರುವುದು "ಎಷ್ಟು ಸಲ ಬಾರಿಸಿದರು?" ಅಂತಲೇ ಅಲ್ವಾ? ಇಂಗ್ಲಿಷಿನ 'ಕ್ಲಾಕ್' ಕಥೆಯೂ ಇದೇ. ಅದರ ಬೇರು ಲ್ಯಾಟಿನ್ನಿನ 'ಕ್ಲೋಕಾ', ಅಂದರೆ ಬಾರಿಸುವ ಗಂಟೆ. ಯುರೋಪಿನ ಹಳೇ ಯಂತ್ರ ಗಡಿಯಾರಗಳಲ್ಲಿ ಎಷ್ಟೋ ಗಡಿಯಾರಗಳಿಗೆ ಮುಖವಾಗಲಿ ಮುಳ್ಳಾಗಲಿ ಇರಲೇ ಇಲ್ಲ. ಬರೀ ಬಾರಿಸುತ್ತಿದ್ದವು.

ಸದ್ದಿನಿಂದ ಹೊತ್ತನ್ನು ಸಾರುವುದು ಹಾಗಾದರೆ ಹಳೇ ಸಂಗತಿ. ನಾನಿಲ್ಲಿ ವಿವರಿಸಹೊರಟಿರುವುದು ಅದಕ್ಕಿಂತ ಒಂದು ಹೆಜ್ಜೆ ಮುಂದಿನದು. ಸದ್ದಿನಿಂದಲೇ ಹೊತ್ತನ್ನು *ಅಳೆಯುವ* ಒಂದು ಕಟ್ಟಡ. ಅದು ಎಲ್ಲೂ ಇಲ್ಲ. ಒಂದು ಕಲ್ಪನೆಯ ಲೋಕದಲ್ಲಿ ಇದೆ ಅಂದುಕೊಳ್ಳಿ. ಆದರೆ ಅಲ್ಲಿ ಮಂತ್ರ ಮಾಯ ಏನೂ ಇಲ್ಲ. ಗಾಳಿ ನಮ್ಮದೇ, ಸದ್ದು ನಮ್ಮದೇ, ಮನುಷ್ಯರೂ ನಮ್ಮಂಥವರೇ. ಬೇರೆಯಾಗಿರುವುದು ಒಂದೇ: ಅಲ್ಲಿ ಹಗಲು ರಾತ್ರಿ ಆಗುವುದಿಲ್ಲ.

ಚಂದ್ರ ಭೂಮಿಗೆ ಯಾವಾಗಲೂ ಒಂದೇ ಮುಖ ತೋರಿಸುತ್ತಾನೆ. ಹಾಗೆಯೇ ಆ ಲೋಕ ತನ್ನ ಸೂರ್ಯನಿಗೆ ಒಂದೇ ಮುಖ ತೋರಿಸುತ್ತಾ ಸುತ್ತುತ್ತದೆ. ಒಂದು ಕಡೆ ಎಂದೂ ಮುಗಿಯದ ಬಿಸಿಲು, ಇನ್ನೊಂದು ಕಡೆ ಎಂದೂ ಮುಗಿಯದ ಕತ್ತಲು, ನಡುವಿನ ಪಟ್ಟಿಯಲ್ಲಿ ಸದಾ ಮುಸ್ಸಂಜೆ. ಜನ ಇರುವುದು ಆ ಪಟ್ಟಿಯಲ್ಲಿ. ಅಲ್ಲಿ ಕಂಬದ ನೆರಳು ಸರಿಯುವುದಿಲ್ಲ. ಬೆಳಗ್ಗೆ ಆಯಿತು, ಎದ್ದೇಳು ಅನ್ನುವ ಹಾಗಿಲ್ಲ. ಆಕಾಶ ನೋಡಿ ಹೊತ್ತು ಹೇಳಲು ಬಾರದ ಕಡೆ ಜನ ಏನು ಮಾಡಿಯಾರು?

ಅವರು ಗುಡ್ಡ ಕೊರೆದರು. ಅದಕ್ಕೆ 'ಸುರುಳಿ' ಅಂತ ಹೆಸರಿಟ್ಟರು.

ಸದ್ದು ನಿಧಾನ, ಅದೇ ಅನುಕೂಲ

ಸುರುಳಿಯ ತತ್ವ ನಿಮಗೆ ಈಗಾಗಲೇ ಗೊತ್ತು. ಮಿಂಚು ಕಂಡ ಮೇಲೆ ಗುಡುಗು ಕೇಳುವ ತನಕ ಎಣಿಸಿದ್ದೀರಲ್ಲ? ಮೂರು ಎಣಿಸಿದರೆ ಒಂದು ಕಿಲೋಮೀಟರ್ ದೂರ. 20 ಡಿಗ್ರಿ ಸೆಲ್ಸಿಯಸ್ ಗಾಳಿಯಲ್ಲಿ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಬೆಳಕಿನ ಮುಂದೆ ಇದು ಬಸವನಹುಳು. ಆ ನಿಧಾನವೇ ಇಲ್ಲಿ ನಮಗೆ ಬೇಕಾದದ್ದು.

1861ರಿಂದ ಸ್ಕಾಟ್ಲೆಂಡಿನ ಎಡಿನ್‌ಬರಾ ಕೋಟೆಯಲ್ಲಿ ಮಧ್ಯಾಹ್ನ ಒಂದು ಗಂಟೆಗೆ ತೋಪು ಹಾರಿಸುತ್ತಾರೆ. ಬಂದರಿನ ಹಡಗುಗಳು ಅದನ್ನು ಕೇಳಿ ತಮ್ಮ ಗಡಿಯಾರ ಸರಿಮಾಡಿಕೊಳ್ಳಲಿ ಅಂತ ಶುರುವಾದ ಪದ್ಧತಿ. ಆದರೆ ಒಂದು ತೊಡಕಿತ್ತು. ಕೋಟೆಯಿಂದ 3.43 ಕಿ.ಮೀ. ದೂರದಲ್ಲಿ ಇರುವವನಿಗೆ ತೋಪು ಕೇಳುವಾಗ ಒಂದು ಗಂಟೆ ಆಗಿ ಹತ್ತು ಸೆಕೆಂಡ್ ಕಳೆದಿರುತ್ತದೆ. ಅದಕ್ಕೇ ಅಂತ ಆಗ ಒಂದು ನಕ್ಷೆ ಅಚ್ಚು ಹಾಕಿಸಿದರು. ಊರಿನ ಮೇಲೆ ಕೋಟೆಯನ್ನು ಸುತ್ತಿ ಉಂಗುರಗಳು. ನೀವು ಯಾವ ಉಂಗುರದಲ್ಲಿ ಇದ್ದೀರಿ ಅನ್ನುವುದರ ಮೇಲೆ ಎಷ್ಟು ಸೆಕೆಂಡ್ ಕಳೆಯಬೇಕು ಅನ್ನುವ ಲೆಕ್ಕ. ದೂರ ಅಳೆಯಬೇಕಾದ ನಕ್ಷೆ ಹೊತ್ತನ್ನು ಅಳೆಯುತ್ತಿತ್ತು. ನನ್ನ ತಲೆಯಲ್ಲಿ ಸುರುಳಿ ಹುಟ್ಟಿದ್ದು ಆ ಉಂಗುರಗಳಿಂದಲೇ.

ಈಗ ಆ ನಕ್ಷೆಯನ್ನು ತಿರುಗಿಸಿ ಯೋಚಿಸಿ. ದೂರದಿಂದ ತಡ ಆಗುತ್ತದೆ ಅಂದಮೇಲೆ, ಬೇಕಾದಷ್ಟು ತಡ ಬೇಕಾದರೆ ಅಷ್ಟು ದೂರ ಕಟ್ಟಿದರಾಯಿತು. ಒಂದು ಗಂಟೆ ಅಂದರೆ 3,600 ಸೆಕೆಂಡ್. 343ರಿಂದ ಗುಣಿಸಿ. 12,34,800 ಮೀಟರ್, ಹತ್ತಿರ ಹತ್ತಿರ 1,235 ಕಿ.ಮೀ. ಅಷ್ಟು ಉದ್ದದ ಸುರಂಗದ ಒಂದು ಬಾಯಲ್ಲಿ ಸದ್ದು ಮಾಡಿದರೆ ಇನ್ನೊಂದು ಬಾಯಲ್ಲಿ ಸರಿಯಾಗಿ ಒಂದು ಗಂಟೆಗೆ ಕೇಳುತ್ತದೆ. (ಆ ಲೋಕದವರ 'ಗಂಟೆ' ನಮ್ಮಷ್ಟೇ ಇರಬೇಕು ಅಂತೇನಿಲ್ಲ. ಲೆಕ್ಕಕ್ಕೆ ಸುಲಭ ಅಂತ ನಮ್ಮದನ್ನೇ ಇಟ್ಟುಕೊಂಡಿದ್ದೇನೆ.)

1,235 ಕಿ.ಮೀ. ಸುರಂಗ ಅಂದರೆ ಎದೆ ಧಸಕ್ಕೆನ್ನುತ್ತದೆ. ಆದರೆ ನೆಟ್ಟಗೆ ಕೊರೆಯಬೇಕಾಗಿಲ್ಲ, ಸುತ್ತಿದರೆ ಸಾಕು. ಸುರಂಗದ ಅಗಲ 2 ಮೀಟರ್, ಪಕ್ಕದ ಸುತ್ತಿಗೂ ಇದಕ್ಕೂ ನಡುವೆ 1 ಮೀಟರ್ ಬಂಡೆ. ಅಂದರೆ ಪ್ರತಿ ಸುತ್ತು ಹಿಡಿಯುವ ಜಾಗ 3 ಮೀಟರ್. ಉದ್ದವನ್ನು 3ರಿಂದ ಗುಣಿಸಿದರೆ ಬೇಕಾದ ನೆಲ ಸಿಗುತ್ತದೆ, ಸುಮಾರು 37 ಲಕ್ಷ ಚದರ ಮೀಟರ್. ಅಷ್ಟು ನೆಲದ ವೃತ್ತಕ್ಕೆ ನಡುವಿನಿಂದ ಅಂಚಿಗೆ ಎಷ್ಟು ದೂರ ಗೊತ್ತಾ? ಬರೀ 1.1 ಕಿ.ಮೀ. ಒಂದು ಸಾಧಾರಣ ಗುಡ್ಡದೊಳಗೆ ಸೊಳ್ಳೆಬತ್ತಿಯ ಹಾಗೆ 360 ಸುತ್ತು ಸುತ್ತಿದರೆ ಒಂದು ಗಂಟೆ ಪೂರ್ತಿ ಒಳಗೆ ಕೂರುತ್ತದೆ. ಈ ಲೆಕ್ಕ ಮೊದಲ ಸಲ ಮಾಡಿದಾಗ ಎಲ್ಲೋ ತಪ್ಪಿದೆ ಅಂತ ನಾನು ಎರಡು ಸಲ ಪರೀಕ್ಷಿಸಿದೆ. ತಪ್ಪಿರಲಿಲ್ಲ.

ಬಾಯಿ ಗುಡ್ಡದ ಅಂಚಿನಲ್ಲಿ. ಅಲ್ಲಿ ಹೊರಟ ಸದ್ದು ಸುತ್ತುತ್ತಾ ಸುತ್ತುತ್ತಾ ನಡುವಿಗೆ ಬರುತ್ತದೆ. ನಡುವಿನಲ್ಲಿ ಮೇಲಕ್ಕೆ ಒಂದು ಗೋಪುರ. ಗೋಪುರದಲ್ಲಿ ಸದ್ದಾದ ಕೂಡಲೇ ಊರಿಗೆಲ್ಲ ಒಂದು ಗಂಟೆ ಕಳೆಯಿತು ಅಂತ ಗೊತ್ತಾಗುತ್ತದೆ. ಅದೇ ಸದ್ದು ಬಯಲಲ್ಲಿ 1.1 ಕಿ.ಮೀ. ಹಾರಿ ಅಂಚಿನ ಬಾಯಿಯನ್ನೂ ಮುಟ್ಟುತ್ತದೆ. ಅಲ್ಲಿದ್ದವರು ಕೇಳಿ ಮತ್ತೆ ಬಾರಿಸುತ್ತಾರೆ, ಮುಂದಿನ ಗಂಟೆ ಶುರು. ಸುರಂಗವನ್ನು ಅಷ್ಟು ಗಿಡ್ಡ ಮಾಡಿಕೊಂಡರೆ ಲೆಕ್ಕ ಸರಿ. ಗಂಟೆಯ ಕೊನೆಯ ಮೂರು ಸೆಕೆಂಡ್ ಮಾತ್ರ ಗುಡ್ಡದ ಹೊರಗೆ, ತೆರೆದ ಗಾಳಿಯಲ್ಲಿ ಕಳೆಯುತ್ತದೆ ಅನ್ನುವುದು ನನಗೆ ತುಂಬ ಇಷ್ಟವಾದ ವಿವರ.

ಆದರೆ ಏನೂ ಕೇಳಿಸುವುದಿಲ್ಲ

ಇಷ್ಟು ಚಂದದ ಕಟ್ಟಡದಲ್ಲಿ ಒಂದೇ ಕೊರತೆ. ಬಾಯಲ್ಲಿ ಬಾರಿಸಿದ್ದು ನಡುವಿಗೆ ತಲುಪುವುದೇ ಇಲ್ಲ.

ಸದ್ದು ಅಂದರೆ ಗಾಳಿಯ ನಡುಕ. ನಡುಗುತ್ತಾ ಹೋಗುವಾಗ ಅದರ ಶಕ್ತಿ ಸ್ವಲ್ಪ ಸ್ವಲ್ಪವೇ ಬಿಸಿಯಾಗಿ ಸೋರಿಹೋಗುತ್ತದೆ. ಕೀಚಲು ಸದ್ದು ಬೇಗ ಸೋರುತ್ತದೆ, ಗಡಸು ಸದ್ದು ತಡವಾಗಿ. ಸಾಮಾನ್ಯ ಹವೆಯಲ್ಲಿ 8,000 ಹರ್ಟ್ಸಿನ, ಅಂದರೆ ಸೆಕೆಂಡಿಗೆ 8,000 ಸಲ ನಡುಗುವ ಸದ್ದು ಒಂದು ಕಿಲೋಮೀಟರಿನಲ್ಲಿ 70ಕ್ಕೂ ಹೆಚ್ಚು ಡೆಸಿಬೆಲ್ ಕಳೆದುಕೊಳ್ಳುತ್ತದೆ. 1,000 ಹರ್ಟ್ಸಿನದು ಸುಮಾರು 5 ಡೆಸಿಬೆಲ್. 125 ಹರ್ಟ್ಸಿನದು ಅರ್ಧ ಡೆಸಿಬೆಲ್ಲೂ ಇಲ್ಲ. ದೂರದ ಮೆರವಣಿಗೆಯಿಂದ ನಗಾರಿ ಮಾತ್ರ ಕೇಳಿ ತಾಳ ಕೇಳಿಸದೇ ಇರುವುದಕ್ಕೆ ಇದೂ ಒಂದು ಕಾರಣ.

ಸುರಂಗದಲ್ಲಿ ಇದರ ಜೊತೆ ಗೋಡೆಯ ತಿಕ್ಕಾಟವೂ ಸೇರುತ್ತದೆ. 2 ಮೀಟರ್ ಅಗಲದ, ನುಣುಪು ಗೋಡೆಯ ಸುರಂಗದಲ್ಲಿ 60 ಹರ್ಟ್ಸಿನ ಗಡಸು ಸದ್ದೂ ಕಿಲೋಮೀಟರಿಗೆ ಸುಮಾರು 2 ಡೆಸಿಬೆಲ್ ಕಳೆದುಕೊಳ್ಳುತ್ತದೆ. 2 ಅಂದರೆ ಏನು ಮಹಾ ಅನಿಸಬಹುದು. 1,235ರಿಂದ ಗುಣಿಸಿ ನೋಡಿ. ಸುಮಾರು 2,500 ಡೆಸಿಬೆಲ್. ಪ್ರತಿ 10 ಡೆಸಿಬೆಲ್ಲಿಗೆ ಶಕ್ತಿ ಹತ್ತರಲ್ಲಿ ಒಂದು ಪಾಲಾಗುತ್ತದೆ. ಅಂದರೆ ಒಂದರ ಮುಂದೆ 250 ಸೊನ್ನೆ ಹಾಕಿ, ಅಷ್ಟರಲ್ಲಿ ಒಂದು ಪಾಲು. ಕಿವಿಯ ಮಾತು ಬಿಡಿ, ಯಾವ ಯಂತ್ರಕ್ಕೂ ಸಿಗದ ಸದ್ದು ಅದು.

ಪ್ರಕೃತಿಯಲ್ಲಿ ಸದ್ದು ಗಂಟೆಗಟ್ಟಲೆ ಪ್ರಯಾಣ ಮಾಡಿದ್ದುಂಟು. 1883ರ ಆಗಸ್ಟ್ 27ರಂದು ಕ್ರಕಟೋವ ಜ್ವಾಲಾಮುಖಿ ಸಿಡಿದಾಗ ಅದರ ಸದ್ದು ಸುಮಾರು 4,800 ಕಿ.ಮೀ. ದೂರದ ರೊಡ್ರಿಗಸ್ ದ್ವೀಪದಲ್ಲಿ, ನಾಲ್ಕು ಗಂಟೆ ಕಳೆದ ಮೇಲೆ, ದೂರದ ತೋಪಿನ ಹಾಗೆ ಕೇಳಿಸಿತು. ಕಿವಿಗೆ ಕೇಳಿಸದ ಅದರ ಒತ್ತಡದ ಅಲೆ ಭೂಮಿಯನ್ನು ಹಲವು ಸಲ ಸುತ್ತಿತು. ಊರೂರಿನ ವಾಯುಭಾರಮಾಪಕಗಳಲ್ಲಿ ಅದು ಮತ್ತೆ ಮತ್ತೆ ದಾಖಲಾಯಿತು. ಆದರೆ ಗಂಟೆಗೊಂದು ಜ್ವಾಲಾಮುಖಿ ಸಿಡಿಸಿಕೊಂಡು ಊರು ಬಾಳುವುದಕ್ಕೆ ಆಗುತ್ತದೆಯೇ?

ಇಲ್ಲಿ ಕಥೆ ಬರೆಯುವವರು ಸಾಮಾನ್ಯವಾಗಿ ಒಂದು ಸುಲಭದ ದಾರಿ ಹಿಡಿಯುತ್ತಾರೆ. "ಆ ಲೋಕದಲ್ಲಿ ಸದ್ದು ಸೋರುವುದಿಲ್ಲ" ಅಂತ ಒಂದು ಸಾಲು ಬರೆದು ಮುಂದೆ ಹೋಗುತ್ತಾರೆ. ನಾನು ಒಪ್ಪುವುದಿಲ್ಲ. ಹಾಗೆ ಮಾಡಿದರೂ ಕೆಲಸ ಪೂರ್ತಿ ಆಗುವುದಿಲ್ಲ ಅನ್ನುವುದು ಒಂದು ಕಾರಣ.

ಹೇಗೆ ಅಂತ ಹೇಳುತ್ತೇನೆ. ಬಾಗಿದ ಗೋಡೆಗೆ ಒಂದು ಗುಣವಿದೆ. ಕೀಚಲು ಸದ್ದು ಹೊರಗೋಡೆಗೆ ಅಂಟಿಕೊಂಡು ತೆವಳುತ್ತದೆ. ಲಂಡನ್ನಿನ ಸೇಂಟ್ ಪಾಲ್ಸ್ ಗುಮ್ಮಟದಲ್ಲಿ ಒಂದು ಕಡೆ ಪಿಸುಗುಟ್ಟಿದ್ದು ಎದುರು ಕಡೆ ಕೇಳುವುದು ಇದರಿಂದಲೇ. ಭೌತವಿಜ್ಞಾನಿ ರ‍್ಯಾಲೀ ಇದನ್ನು ವಿವರಿಸಿದರು, 1921ರಲ್ಲಿ ಸಿ. ವಿ. ರಾಮನ್ ಅಲ್ಲೇ ಪ್ರಯೋಗ ಮಾಡಿ ನೋಡಿದರು. ಈಗ ಸುರುಳಿಗೆ ಬನ್ನಿ. ಹೊರಗೋಡೆ ಸುರಂಗದ ನಡುಗೆರೆಗಿಂತ ಒಂದು ಮೀಟರ್ ಆಚೆ ಇದೆ. ಹಾಗಾಗಿ ಗೋಡೆ ಹಿಡಿದು ಹೋಗುವ ಸದ್ದಿಗೆ ಪ್ರತಿ ಸುತ್ತಿಗೂ 6.28 ಮೀಟರ್ ಜಾಸ್ತಿ ದಾರಿ. 360 ಸುತ್ತಿಗೆ ಎರಡೂಕಾಲು ಕಿಲೋಮೀಟರ್. ಅಂದರೆ ಆರೂವರೆ ಸೆಕೆಂಡ್ ತಡ. ಅಡ್ಡಾದಿಡ್ಡಿ ಪುಟಿದು ಹೋಗುವ ಸದ್ದು ಇನ್ನೂ ತಡ. 'ಠಣ್' ಅಂತ ಹೊರಟ ಗಂಟೆ 'ಠಣಣಣಣ' ಅಂತ ಉದ್ದಕ್ಕೆ ಹರಿದು ಬರುತ್ತದೆ. ಒಂದು ಗಂಟೆ ಸರಿಯಾಗಿ ಯಾವಾಗ ಆಯಿತು, ಮೊದಲ ಚೂರು ಬಂದಾಗಲೋ ಕೊನೆಯ ಚೂರು ಬಂದಾಗಲೋ?

ಇದಕ್ಕೆ ಪರಿಹಾರ ಇದೆ. ಸುಮಾರು 100 ಹರ್ಟ್ಸಿಗಿಂತ ಕೆಳಗಿನ ಸದ್ದಿಗೆ 2 ಮೀಟರ್ ಸುರಂಗದಲ್ಲಿ ಪುಟಿಯಲು ಜಾಗ ಸಾಲುವುದಿಲ್ಲ. 60 ಹರ್ಟ್ಸಿನ ಒಂದು ಅಲೆಯೇ 5.7 ಮೀಟರ್ ಉದ್ದ. ಅದು ಕೊಳವೆಯೊಳಗಿನ ನೀರಿನ ಹಾಗೆ ಒಟ್ಟಿಗೇ ಮುಂದೆ ಹೋಗುತ್ತದೆ, ಆಕಾರ ಕೆಡುವುದಿಲ್ಲ. ಅಂದಮೇಲೆ ಗಂಟೆ ಅಳೆಯುವ ಈ ಕಟ್ಟಡಕ್ಕೆ ಗಂಟೆ ಒಗ್ಗುವುದಿಲ್ಲ! ನಗಾರಿಯೇ ಬೇಕು.

ಕಿವಿಗಾವಲಿನವರು

ನಗಾರಿ ಆಯಿತು, ಸೋರಿಕೆ ಉಳಿಯಿತು. ಅದಕ್ಕೆ ಆ ಲೋಕದ ಜನ ಕಂಡುಕೊಂಡ ಉಪಾಯ ಮನುಷ್ಯರು.

ಪ್ರತಿ ಒಂದು ಕಿಲೋಮೀಟರಿಗೆ ಸುರಂಗವನ್ನು ದಪ್ಪ ಬಾಗಿಲಿನಿಂದ ಮುಚ್ಚಿದ್ದಾರೆ. ಬಾಗಿಲ ಪಕ್ಕ ಒಂದು ಗೂಡು. ಗೂಡಿನಲ್ಲಿ ಒಬ್ಬರು ಕೂತಿರುತ್ತಾರೆ. ಹಿಂದಿನ ಸುರಂಗದತ್ತ ಒಂದು ಕಿಂಡಿ, ಮುಂದಿನ ಸುರಂಗದತ್ತ ಒಂದು ನಗಾರಿ. ಕಿಂಡಿಯಲ್ಲಿ ಬಡಿತ ಕೇಳಿದ ತಕ್ಷಣ ನಗಾರಿ ಬಡಿಯಬೇಕು. ಅಷ್ಟೇ ಕೆಲಸ. ಇವರಿಗೆ 'ಕಿವಿಗಾವಲಿನವರು' ಅಂತ ಹೆಸರು. ಸೋತು ಬಂದ ಸದ್ದು ಪ್ರತಿ ಬಾಗಿಲಲ್ಲೂ ಹೊಸದಾಗಿ ಹುಟ್ಟುತ್ತದೆ.

ಬಾಗಿಲು ಯಾಕೆ ಮುಚ್ಚಬೇಕು? ತೆರೆದಿದ್ದರೆ ಹಿಂದಿನ ನಗಾರಿಯ ಸದ್ದು ನೇರವಾಗಿ ಮುಂದಿನ ಗೂಡಿಗೂ ಹೋಗಿಬಿಡುತ್ತದೆ. ನಡುವಿನವರು ಬಡಿದದ್ದಕ್ಕಿಂತ ತುಸು ಮೊದಲೇ ತಲುಪುತ್ತದೆ. ಯಾವುದಕ್ಕೆ ಬಡಿಯಬೇಕು ಅನ್ನುವುದೇ ಗೊಂದಲ. ಬಾಗಿಲು ಹಾಕಿದರೆ ಅದು ತಪ್ಪುತ್ತದೆ, ಗಾಳಿ ಬೀಸುವುದೂ ನಿಲ್ಲುತ್ತದೆ. ಆದರೆ ಮುಚ್ಚಿದ ಸುರಂಗದಲ್ಲಿ ಮಾರ್ದನಿ ಹುಟ್ಟುತ್ತದೆ. ಬಡಿತ ಬಾಗಿಲಿಗೆ ಹೊಡೆದು ವಾಪಸು ಹೋಗಿ ಮತ್ತೆ ಬರಲು ಸುಮಾರು ಆರು ಸೆಕೆಂಡ್. ಅದನ್ನು ಹೊಸ ಬಡಿತ ಅಂದುಕೊಂಡರೆ ಕೆಟ್ಟಿತು. ಅದಕ್ಕೆ ಒಂದು ನಿಯಮ: ಒಮ್ಮೆ ಬಡಿದ ಮೇಲೆ ಮೂವತ್ತು ಎಣಿಸುವ ತನಕ ನೀನು ಕಿವುಡ. ಏನೇ ಕೇಳಿದರೂ ಕೈ ಎತ್ತಬಾರದು.

ನಮ್ಮ ನರಗಳು ಮಾಡುವುದೂ ಇದನ್ನೇ. ನರದ ಎಳೆಯಲ್ಲಿ ಸುದ್ದಿ ಒಂದು ಗಂಟಿನಿಂದ ಇನ್ನೊಂದು ಗಂಟಿಗೆ ನೆಗೆಯುತ್ತಾ, ಪ್ರತಿ ಗಂಟಿನಲ್ಲೂ ಹೊಸದಾಗಿ ಹುಟ್ಟುತ್ತಾ ಹೋಗುತ್ತದೆ. ಒಮ್ಮೆ ಮಿಡಿದ ಗಂಟು ಸ್ವಲ್ಪ ಹೊತ್ತು ಮತ್ತೆ ಮಿಡಿಯುವುದಿಲ್ಲ. ಸುದ್ದಿ ಹಿಂದಕ್ಕೆ ತಿರುಗದೇ ಇರುವುದು ಆ ಬಿಡುವಿನಿಂದ.

ಇನ್ನೂ ಹತ್ತಿರದ ಸಂಬಂಧಿಯೊಂದು ಇದೆ. 1949ರ ಮೇ 6ರಂದು ಕೇಂಬ್ರಿಜ್‌ನಲ್ಲಿ ಎಡ್‌ಸ್ಯಾಕ್ ಅನ್ನುವ ಕಂಪ್ಯೂಟರ್ ತನ್ನ ಮೊದಲ ಲೆಕ್ಕ ಮಾಡಿತು. ಅದರ ನೆನಪು ಇದ್ದದ್ದು ಸದ್ದಿನಲ್ಲಿ! ಸುಮಾರು ಒಂದೂವರೆ ಮೀಟರ್ ಉದ್ದದ ಕೊಳವೆಗಳಲ್ಲಿ ಪಾದರಸ. ಒಂದು ತುದಿಯಲ್ಲಿ ಮಿಡಿತ ಕೊಟ್ಟರೆ ಅದು ಸೆಕೆಂಡಿಗೆ ಸುಮಾರು 1,450 ಮೀಟರ್ ವೇಗದಲ್ಲಿ ಓಡಿ, ಮಿಲಿಸೆಕೆಂಡ್ ಆದ ಮೇಲೆ ಇನ್ನೊಂದು ತುದಿ ಮುಟ್ಟುತ್ತದೆ. ಅಲ್ಲಿ ಅದನ್ನು ಹಿಡಿದು, ಹಸನು ಮಾಡಿ, ಮತ್ತೆ ಮೊದಲ ತುದಿಗೆ ಕಳಿಸುತ್ತಾರೆ. ಸುತ್ತುತ್ತಾ ಇರುವ ತನಕ ನೆನಪು ಉಂಟು. ನಿಂತರೆ ಮರೆವು. ಸುರುಳಿ ಅಂದರೆ ಗುಡ್ಡದಷ್ಟು ದೊಡ್ಡ ಪಾದರಸದ ಕೊಳವೆ, ಕಿವಿಗಾವಲಿನವರು ಅಂದರೆ ಅದರ ವಾಲ್ವುಗಳು, ಮಿಡಿತವನ್ನು ಹಸನು ಮಾಡುವ ಎಲೆಕ್ಟ್ರಾನಿಕ್ ಬುರುಡೆಗಳು.

ತಡವರಿಕೆಯ ಲೆಕ್ಕ

ಈಗ ನನ್ನ ಪ್ರಕಾರ ಇಡೀ ಕಟ್ಟಡದ ಅತ್ಯಂತ ರುಚಿಯಾದ ಭಾಗ.

ಸದ್ದು ಕೇಳಿ ಕೈ ಆಡಿಸುವುದಕ್ಕೆ ಮನುಷ್ಯನಿಗೆ ಸ್ವಲ್ಪ ಹೊತ್ತು ಬೇಕು. ಲೆಕ್ಕಕ್ಕೆ 0.2 ಸೆಕೆಂಡ್ ಅನ್ನೋಣ. ಒಂದು ಬಾಗಿಲಲ್ಲಿ ಇದು ಏನೂ ಅಲ್ಲ. 1,235 ಬಾಗಿಲಲ್ಲಿ? 247 ಸೆಕೆಂಡ್, ಅಂದರೆ ನಾಲ್ಕು ನಿಮಿಷಕ್ಕೂ ಜಾಸ್ತಿ. ಗಂಟೆ ಅರವತ್ತನಾಲ್ಕು ನಿಮಿಷದ್ದಾಗಿಬಿಡುತ್ತದೆ. ಸರಿ ಮಾಡಬೇಕಾದರೆ ಸುರಂಗವನ್ನು ಮೊಟಕು ಮಾಡಬೇಕು. ಪ್ರತಿ ಕಿಲೋಮೀಟರಿಗೆ ಸದ್ದಿನ ಓಟ 2.915 ಸೆಕೆಂಡ್, ಮನುಷ್ಯನ ತಡ 0.2 ಸೆಕೆಂಡ್, ಒಟ್ಟು 3.115. ಇದರಿಂದ 3,600 ಭಾಗಿಸಿದರೆ 1,155 ಬಾಗಿಲು. ಸುಮಾರು 80 ಕಿಲೋಮೀಟರ್ ಉಳಿಯಿತು. ಈ ಲೇಖನದ ತಲೆಬರಹದ ಲೆಕ್ಕ ಅಷ್ಟು ತಪ್ಪು. ಮನುಷ್ಯರು ತಡವರಿಸುವುದರಿಂದ ಅಷ್ಟು ಬಂಡೆ ಕೊರೆಯುವ ಕೆಲಸ ಮಿಕ್ಕಿತು!

ತಡ ಎಲ್ಲರದ್ದೂ ಯಾವಾಗಲೂ ಒಂದೇ ಆಗಿದ್ದರೆ ಚಿಂತೆ ಇರಲಿಲ್ಲ. ಆದರೆ ಒಮ್ಮೆ 0.15, ಒಮ್ಮೆ 0.25. ಹೀಗೆ 0.05 ಸೆಕೆಂಡಿನ ಆಚೀಚೆ 1,155 ಸಲ ಸೇರಿದರೆ ಸುಮಾರು 58 ಸೆಕೆಂಡ್ ಏರುಪೇರು ಆಗಬೇಕಲ್ವಾ? ಆಗುವುದಿಲ್ಲ. ಒಬ್ಬರು ಬೇಗ ಬಡಿದರೆ ಇನ್ನೊಬ್ಬರು ತಡ ಮಾಡುತ್ತಾರೆ, ಒಂದಕ್ಕೊಂದು ಅಳಿಸಿಹೋಗುತ್ತದೆ. ಇಂಥ ಏರುಪೇರು ಎಣಿಕೆಯ ಲೆಕ್ಕದಲ್ಲಿ ಬೆಳೆಯುವುದಿಲ್ಲ, ಎಣಿಕೆಯ ವರ್ಗಮೂಲದ ಲೆಕ್ಕದಲ್ಲಿ ಬೆಳೆಯುತ್ತದೆ. 1,155ರ ವರ್ಗಮೂಲ 34. ಅದನ್ನು 0.05ರಿಂದ ಗುಣಿಸಿದರೆ 1.7 ಸೆಕೆಂಡ್. ಗಂಟೆಗೆ ಎರಡು ಸೆಕೆಂಡೂ ಇಲ್ಲ! ಸಾವಿರ ಜನ ತಡವರಿಸಿದರೂ ಒಟ್ಟಿನಲ್ಲಿ ಊರಿನ ಹೊತ್ತು ಕೆಡುವುದಿಲ್ಲ.

ಎಲ್ಲರೂ ಒಂದೇ ಕಡೆಗೆ ವಾಲಿದರೆ ಮಾತ್ರ ಕೆಡುತ್ತದೆ. ಊರಿಗೆ ಊರೇ ನಿದ್ದೆಗೆಟ್ಟಿದೆ ಅಂದುಕೊಳ್ಳಿ. ಎಲ್ಲರ ತಡವೂ 0.2 ಇದ್ದದ್ದು 0.25 ಆಯಿತು. ಇಲ್ಲಿ ವರ್ಗಮೂಲದ ರಕ್ಷಣೆ ಇಲ್ಲ. ಗಂಟೆ ಪೂರ್ತಿ 58 ಸೆಕೆಂಡ್ ಹಿಗ್ಗುತ್ತದೆ. ಸದ್ದು ಮೆತ್ತಗಾದರೂ ಹೀಗೇ. ಮೆಲ್ಲನೆಯ ಸದ್ದಿಗೆ ಮನುಷ್ಯ ಪ್ರತಿಕ್ರಿಯಿಸುವುದು ನಿಧಾನ. 60 ಹರ್ಟ್ಸಿನ ನಗಾರಿ ಐದಾರು ಕಿಲೋಮೀಟರಿಗೂ ಕೇಳುತ್ತದೆ, ಆದರೂ ಬಾಗಿಲುಗಳನ್ನು ಕಿಲೋಮೀಟರಿಗೊಂದು ಇಟ್ಟದ್ದು ಅದಕ್ಕೆ.

ಇನ್ನು ಬಿಸಿಲು ಚಳಿ. ಗಾಳಿ ಒಂದು ಡಿಗ್ರಿ ಬಿಸಿಯಾದರೆ ಸದ್ದಿನ ವೇಗ ಸೆಕೆಂಡಿಗೆ ಸುಮಾರು 0.6 ಮೀಟರ್ ಏರುತ್ತದೆ. ಅದರಿಂದ ಗಂಟೆ ಸುಮಾರು 6 ಸೆಕೆಂಡ್ ಕುಗ್ಗುತ್ತದೆ, 24 ಗಂಟೆಗೆ ಹೆಚ್ಚುಕಡಿಮೆ ಎರಡೂವರೆ ನಿಮಿಷ. ಋತುಗಳಿಲ್ಲದ ಆ ಲೋಕದಲ್ಲಿ, ಬಂಡೆಯ ಒಳಗೆ, ತಾಪಮಾನ ಸುಮ್ನೆ ಏರಿಳಿಯುವುದಿಲ್ಲ. ಆದರೆ ಒಳಗೆ ಕೂತ ಜನರೇ ಒಲೆಗಳಲ್ಲವೇ? ಸುಮ್ಮನೆ ಕೂತ ಮನುಷ್ಯನ ಮೈಯಿಂದ ಸುಮಾರು 100 ವ್ಯಾಟ್ ಬಿಸಿ ಹೊಮ್ಮುತ್ತದೆ. 1,155 ಜನ ಅಂದರೆ 115 ಕಿಲೋವ್ಯಾಟ್. ದಣಿದ ಊರಿನಲ್ಲಿ ಗಂಟೆ ಉದ್ದ, ಜನ ತುಂಬಿದ ಸುರುಳಿಯಲ್ಲಿ ಗಂಟೆ ಗಿಡ್ಡ. ಇಂಥ ಲೋಕದ ಮೇಲೆ ಕಥೆ ಬರೆಯುವವರಿಗೆ ಈ ಒಂದು ಸಾಲಿನಲ್ಲೇ ಎಷ್ಟು ಜಗಳ ಸಿಗಬಹುದು ನೋಡಿ.

ತಾಪಮಾನದ ಕಾಟ ಪಾದರಸದ ಕೊಳವೆಗಳಿಗೂ ಇತ್ತು. ಅದಕ್ಕೆ ಪಾದರಸದ ಬದಲು 'ಜಿನ್' ಮದ್ಯ ತುಂಬಿದರೆ ಹೇಗೆ ಅಂತ ಗಣಿತಜ್ಞ ಅಲನ್ ಟ್ಯೂರಿಂಗ್ ಸೂಚಿಸಿದ್ದರಂತೆ. ಅದರಲ್ಲಿ ನೀರೂ ಆಲ್ಕೋಹಾಲೂ ಸೇರಿರುವ ಪ್ರಮಾಣದಿಂದಾಗಿ ಬಿಸಿ ಸ್ವಲ್ಪ ಏರಿಳಿದರೂ ಸದ್ದಿನ ವೇಗ ಬದಲಾಗುವುದಿಲ್ಲ ಅಂತ. ಎಡ್‌ಸ್ಯಾಕ್ ಕಟ್ಟಿದ ಮಾರಿಸ್ ವಿಲ್ಕ್ಸ್ ಇದನ್ನು ನೆನಪಿಸಿಕೊಂಡಿದ್ದಾರೆ.

ಹೊತ್ತಿಗೆ ವಿಳಾಸ

ಇಷ್ಟೆಲ್ಲ ಯಾಕೆ, ಒಂದು ಲೋಲಕ ತೂಗುಹಾಕಿದರೆ ಆಗುತ್ತಿರಲಿಲ್ಲವೇ ಅಂತ ನೀವು ಕೇಳಬಹುದು. ಆಗುತ್ತಿತ್ತು. 1656ರಲ್ಲಿ ಡಚ್ ವಿಜ್ಞಾನಿ ಹೈಗನ್ಸ್ ಮಾಡಿದ ಲೋಲಕದ ಗಡಿಯಾರ ಈ ಗುಡ್ಡಕ್ಕಿಂತ ಅಗ್ಗ, ಸರಳ. ಆದರೆ ಲೋಲಕ ಕಳೆದ ಹೊತ್ತನ್ನು ಎಣಿಸುತ್ತದೆ, ಇಟ್ಟುಕೊಳ್ಳುವುದಿಲ್ಲ. ಸುರುಳಿ ಇಟ್ಟುಕೊಳ್ಳುತ್ತದೆ.

ಗಂಟೆಗೊಂದರ ಬದಲು ನಿಮಿಷಕ್ಕೊಂದು ಬಡಿತ ಕಳಿಸಿ ನೋಡಿ. ಯಾವ ಗಳಿಗೆಯಲ್ಲಿ ನೋಡಿದರೂ ಸುರುಳಿಯೊಳಗೆ 60 ಬಡಿತಗಳು ಒಂದರ ಹಿಂದೆ ಒಂದು ಓಡುತ್ತಿರುತ್ತವೆ. ಈಗ ತಾನೇ ಹೊರಟದ್ದು ಅಂಚಿನಲ್ಲಿ. ಅರ್ಧ ಗಂಟೆ ಹಿಂದಿನದು 577ನೇ ಬಾಗಿಲ ಹತ್ತಿರ. ಕಳೆದ ಒಂದು ಗಂಟೆ ಪೂರ್ತಿ ಗುಡ್ಡದೊಳಗೆ ಹಾಸಿಕೊಂಡು ಮಲಗಿದೆ. ಅದರ ಮೇಲೆ ನಡೆದಾಡಬಹುದು. ಅಲ್ಲಿನವರು "ಅರ್ಧ ಗಂಟೆ ಹಿಂದೆ" ಅನ್ನುವ ಬದಲು "577ರಲ್ಲಿದೆ" ಅನ್ನುತ್ತಾರೆ.

ಪಕ್ಕಪಕ್ಕದ ಸುತ್ತುಗಳ ವಿಷಯ ಇನ್ನೂ ಮಜ. ಹೊರಗಿನ ಒಂದು ಸುತ್ತು ಆರೂವರೆ ಕಿಲೋಮೀಟರ್, ಅಂದರೆ 20 ಸೆಕೆಂಡ್. ಹಾಗಾಗಿ ಒಂದು ಮೀಟರ್ ಬಂಡೆಯ ಆಚೆ ಇರುವುದು 20 ಸೆಕೆಂಡ್ ಹಿಂದಿನ ಹೊತ್ತು. ಬಂಡೆಯಲ್ಲಿ ಬಿರುಕು ಬಿಟ್ಟರೆ ಕಿವಿಗಾವಲಿನವರಿಗೆ ಬೇರೆ ಹೊತ್ತಿನ ಬಡಿತ ಕೇಳಿಸುತ್ತದೆ. ನೀರು ಸೋರಿದ ಹಾಗೆ ಅಲ್ಲಿ ಹೊತ್ತು ಸೋರುತ್ತದೆ.

ಯಾರಾದರೂ ಇಡೀ ಸುರಂಗ ನಡೆದರೆ? ತಾಸಿಗೆ 5 ಕಿ.ಮೀ. ಲೆಕ್ಕದಲ್ಲಿ 231 ಗಂಟೆ ಬೇಕು. ಬಡಿತದ ಜೊತೆ ಅದೇ ದಿಕ್ಕಿಗೆ ನಡೆದರೆ ಪ್ರತಿ ಬಡಿತವೂ ಕಾಲು ಸೆಕೆಂಡ್ ತಡವಾಗಿ ನಿಮ್ಮನ್ನು ಹಿಡಿಯುತ್ತದೆ. ನಡುವಿಗೆ ತಲುಪುವಾಗ ನೀವು ಕೇಳಿರುವುದು 230 ಗಂಟೆಯಷ್ಟೇ ಬಡಿತ. ಎದುರು ದಿಕ್ಕಿಗೆ ನಡೆದರೆ 232. ಎಷ್ಟೇ ಜೋರಾಗಿ ನಡೆಯಿರಿ, ಮೆಲ್ಲಗೆ ನಡೆಯಿರಿ, ವ್ಯತ್ಯಾಸ ಮಾತ್ರ ಸರಿಯಾಗಿ ಒಂದು ಗಂಟೆ. ಮೆಗೆಲನ್ ಜೊತೆ ಹೊರಟವರಲ್ಲಿ ಉಳಿದವರು 1522ರಲ್ಲಿ ಭೂಮಿ ಸುತ್ತಿ ಬಂದಾಗ, ದಿನ ಬಿಡದೆ ಬರೆದ ದಿನಚರಿಯಲ್ಲೂ ಒಂದು ದಿನ ಕಡಿಮೆ ಇತ್ತು. ಎಣಿಕೆ ತಪ್ಪಿರಲಿಲ್ಲ, ಅವರು ಸೂರ್ಯನ ಜೊತೆ ಪಶ್ಚಿಮಕ್ಕೆ ಹೋಗಿದ್ದರು. ಇದೂ ಅದೇ ಲೆಕ್ಕ.

ಹೊತ್ತು ಇಟ್ಟುಕೊಳ್ಳುವ ಕಟ್ಟಡದಲ್ಲಿ ಮಾತನ್ನೂ ಇಡಬಹುದಲ್ಲ ಅಂತ ಆಸೆ ಹುಟ್ಟುವುದು ಸಹಜ. ಬಡಿತ ಇದ್ದರೆ 1, ಇಲ್ಲದಿದ್ದರೆ 0. ಒಂದರ ಮೇಲೊಂದು 24 ಮಹಡಿ ಕೊರೆದು, ಕೊನೆಯದನ್ನು ಮೊದಲನೆಯದಕ್ಕೆ ಜೋಡಿಸಿದರೆ 24 ಗಂಟೆಯ ಒಂದು ಬಳೆ ಆಗುತ್ತದೆ. ನಿಮಿಷಕ್ಕೊಂದು ಗುರುತು ಅಂದರೆ 1,440 ಬಿಟ್. ಕಂಪ್ಯೂಟರಿನಲ್ಲಿ ಇವತ್ತು ಬಳಕೆಯಲ್ಲಿರುವ ಯುಟಿಎಫ್-8 ಪದ್ಧತಿಯಲ್ಲಿ ಕನ್ನಡದ ಒಂದೊಂದು ಚಿಹ್ನೆಗೆ 24 ಬಿಟ್ ಬೇಕು. ಅಲ್ಲಿಗೆ 60 ಚಿಹ್ನೆ. ಇಡೀ ಗುಡ್ಡಕ್ಕೆ ಒಂದು ಸಾಲು.

ಗುರುತುಗಳನ್ನು ಸೆಕೆಂಡಿಗೊಂದರಂತೆ ಒತ್ತೊತ್ತಾಗಿ ತುಂಬಬಾರದೇ? ಕಿವುಡಿನ ಮೂವತ್ತು ಎಣಿಕೆ ಬಿಡುವುದಿಲ್ಲ. ಏರುಪೇರೂ ಬಿಡುವುದಿಲ್ಲ. 24 ಮಹಡಿ ದಾಟುವಷ್ಟರಲ್ಲಿ ಒಂದೊಂದು ಬಡಿತವೂ ಸುಮಾರು 8 ಸೆಕೆಂಡ್ ಆಚೀಚೆ ಸರಿದಿರುತ್ತದೆ. ಸುತ್ತು ಹೆಚ್ಚಾದಷ್ಟೂ ಸರಿಯುವುದು ಹೆಚ್ಚು. ಪಕ್ಕದ ಬಡಿತಕ್ಕೆ ತೀರಾ ಹತ್ತಿರ ಬಂದದ್ದನ್ನು ಯಾವುದೋ ಕಿವುಡ ಗೂಡು ನುಂಗಿಬಿಡುತ್ತದೆ, ಒಂದು ಅಕ್ಷರ ಕೆಡುತ್ತದೆ. ಎಡ್‌ಸ್ಯಾಕ್‌ಗೆ ಈ ಸಮಸ್ಯೆ ಇರಲಿಲ್ಲ. ಅದರಲ್ಲಿ ಬೇರೆಯದೇ ಒಂದು ತಾಳ ಮಿಡಿಯುತ್ತಿತ್ತು, ಪ್ರತಿ ಸುತ್ತಿನಲ್ಲೂ ಸರಿದ ಮಿಡಿತಗಳನ್ನು ಆ ತಾಳಕ್ಕೆ ತಂದು ಕೂರಿಸುತ್ತಿದ್ದರು. ಸುರುಳಿಗೆ ತಾಳ ಹಾಕುವವರು ಯಾರು? ಆ ಊರಿಗೆ ಇರುವ ಗಡಿಯಾರವೇ ಅದು. ಹೊಸ ಸುರುಳಿಯೊಂದನ್ನು ಪಕ್ಕದ ಗುಡ್ಡದಲ್ಲಿ ಕೊರೆದು ಹೋಲಿಸಿ ನೋಡಬಹುದು. ಎರಡರಲ್ಲಿ ಯಾವುದು ತಪ್ಪು ಅಂತ ಹೇಳಲು ಮೂರನೆಯದು ಬೇಕು.

ಕೊನೆಗೆ ಒಂದು ಅವಘಡದ ವಿಷಯ. ಒಬ್ಬ ಕಿವಿಗಾವಲಿನವ ತೂಕಡಿಸಿದ, ಒಂದು ಬಡಿತ ಅಲ್ಲೇ ಸತ್ತಿತು ಅನ್ನಿ. ಅದು ಊರಿಗೆ ಗೊತ್ತಾಗುವುದು ಆ ಬಡಿತ ಗೋಪುರಕ್ಕೆ ಬರಬೇಕಾದ ಹೊತ್ತಿಗೆ. ಗೋಪುರದಲ್ಲಿ ಒಂದು ನಿಮಿಷ ಖಾಲಿ ಬೀಳುತ್ತದೆ. 1,155 ಬಾಗಿಲಲ್ಲಿ ಯಾವುದರಲ್ಲಿ ಸತ್ತಿತು? ಎಲ್ಲರನ್ನೂ ಕೇಳಬೇಕಾಗಿಲ್ಲ. ಸುರುಳಿಗೆ ಅಡ್ಡವಾಗಿ, ನಡುವಿನಿಂದ ಅಂಚಿಗೆ, ಒಂದು ಓಣಿ ಕೊರೆದಿದ್ದಾರೆ. ಯಾವ ಸುತ್ತಿನ ಮಟ್ಟಕ್ಕೂ ಒಂದು ಕಿಲೋಮೀಟರ್ ನಡಿಗೆಯಲ್ಲಿ ಹೋಗಬಹುದು. ಮೊದಲು ಸುರಂಗದ ಅರ್ಧದಲ್ಲಿರುವ ಬಾಗಿಲಿಗೆ ಹೋಗಿ ಕೇಳುತ್ತಾರೆ: "ಆ ಬಡಿತ ನಿನಗೆ ಕೇಳಿತ್ತಾ?" ಕೇಳಿತ್ತು ಅಂದರೆ ಅದು ಸತ್ತಿದ್ದು ಮುಂದಿನ ಅರ್ಧದಲ್ಲಿ, ಇಲ್ಲ ಅಂದರೆ ಹಿಂದಿನ ಅರ್ಧದಲ್ಲಿ. ಮತ್ತೆ ಅದರ ಅರ್ಧ, ಅದರ ಅರ್ಧ. ಹೀಗೆ ಹೋದರೆ ಹೆಚ್ಚೆಂದರೆ ಹನ್ನೊಂದು ಬಾಗಿಲು ತಟ್ಟುವಷ್ಟರಲ್ಲಿ ಆಸಾಮಿ ಸಿಕ್ಕುತ್ತಾನೆ. ಅಷ್ಟರಲ್ಲಿ ಅವನು ಎದ್ದು, ಮುಖ ಒರೆಸಿಕೊಂಡು, ಏನೂ ಆಗದವನ ಹಾಗೆ ನಗಾರಿ ಬಡಿಯುತ್ತಿರುತ್ತಾನೆ.